ಸಿನಿಮಾ ವಕೀಲ ಐದನೇ ಕ್ಲಾಸಿಗೆ ಬಂದ ಕತೆ

ಮೂರು ವರ್ಷದ ಹಿಂದಿನ ಮಾತು. ಜನವರಿ ಸಂಜೆ. ಕೊಡಗಿನ ಸಿದ್ದಾಪುರದ ಹತ್ತಿರ ನಮ್ಮ ಮಾವನ ತೋಟದಲ್ಲಿ ಕಾಫಿ ಹಣ್ಣು ತೂಕ ಹಾಕುತ್ತಿದ್ದರು. ತೋಟದ ಲೆಕ್ಕ ಬರೆಯುವ ರೈಟರ್ ಪುಸ್ತಕ ಹಿಡಿದು ನಿಂತಿದ್ದರು. ಒಬ್ಬ ಹೆಂಗಸು ಕುಯ್ದದ್ದು ಎರಡು ಚೀಲ ಸೇರಿ 87 ಕೆಜಿ ಬಂತು. ಆಗ ಕೆಜಿಗೆ 5 ರೂಪಾಯಿ 50 ಪೈಸೆ ಕೊಡುತ್ತಿದ್ದರು. ರೈಟರ್ ಮೊಬೈಲ್ ತೆಗೆದು ಒತ್ತುವಷ್ಟರಲ್ಲಿ ಆಕೆಯ ಮಗಳು ಹೇಳಿಬಿಟ್ಟಳು: "478 ರೂಪಾಯಿ 50 ಪೈಸೆ."

"ಹೆಂಗೆ ಮಾಡ್ದೆ?" ಅಂದೆ.

"87 ಐದ್ಲಿ 435. ಅರ್ಧ ರೂಪಾಯಿ ಲೆಕ್ಕ 43 ಐವತ್ತು. ಕೂಡಿದ್ರೆ ಆಯ್ತಲ್ಲ ಅಕ್ಕ."

ಐದನೇ ಕ್ಲಾಸಿನ ಹುಡುಗಿ. ತೋಟದ ಕೆಲಸದವರ ಸಾಲು ಮನೆ, ಅಂದರೆ ಲೈನ್ ಮನೆಯಲ್ಲಿ ವಾಸ. ನವೋದಯ ವಸತಿ ಶಾಲೆಯ ಪರೀಕ್ಷೆಗೆ ಅರ್ಜಿ ಹಾಕಿದ್ದೀರಾ ಅಂತ ತಾಯಿಯನ್ನು ಕೇಳಿದೆ. "ಮಳೇಲಿ ಹೋಗಿದ್ವಿ ಅಕ್ಕ. ಆಧಾರ್‌ನಲ್ಲಿ ಒಂದು ಹೆಸರು, ಸ್ಕೂಲಲ್ಲಿ ಒಂದು ಹೆಸರು ಅಂತೆ. ಸರಿ ಮಾಡ್ಸಿ ತರೋ ಹೊತ್ತಿಗೆ ದಿನ ಮುಗಿದಿತ್ತು." ಒಂದು ಇನಿಶಿಯಲ್. ಅಷ್ಟೇ ವ್ಯತ್ಯಾಸ.

ಆ ರಾತ್ರಿ ನನಗೆ ನೆನಪಾದದ್ದು ಅಮೆರಿಕದ ಒಬ್ಬ ಸಿನಿಮಾ ವಕೀಲ. ಎಲ್ಲಿಯ ಸಿದ್ದಾಪುರ, ಎಲ್ಲಿಯ ಹಾಲಿವುಡ್ ಅಂತೀರಾ? ಸ್ವಲ್ಪ ತಾಳಿ.

ಅವರ ಹೆಸರು ಎರಿಕ್ ಐಸ್ನರ್. ಲಾಸ್ ಏಂಜಲೀಸ್‌ನಲ್ಲಿ ಮನರಂಜನಾ ಉದ್ಯಮದ ವಕೀಲರಾಗಿದ್ದರು. ಸಂಗೀತ, ಸಿನಿಮಾ ಉದ್ಯಮಿ ಡೇವಿಡ್ ಗೆಫೆನ್ ಅವರ ಗೆಫೆನ್ ಕಂಪನಿಯ ಅಧ್ಯಕ್ಷರೂ ಆಗಿದ್ದವರು. ಹಣ ಆಗಿತ್ತು, ಹೆಸರು ಆಗಿತ್ತು. ಅಂಥವರು ಸಾಮಾನ್ಯವಾಗಿ ಏನು ಮಾಡುತ್ತಾರೆ? ಯಾವುದಾದರೂ ದೊಡ್ಡ ಯುನಿವರ್ಸಿಟಿಗೆ ಒಂದು ಕಟ್ಟಡ ಕೊಟ್ಟು ಬಾಗಿಲ ಮೇಲೆ ಹೆಸರು ಕೆತ್ತಿಸುತ್ತಾರೆ. ಇವರು 1990ರ ದಶಕದ ಕೊನೆಯಲ್ಲಿ ಲೆನಾಕ್ಸ್ ಅನ್ನುವ ಊರಿನ ಸರ್ಕಾರಿ ಶಾಲೆಗೆ ಹೋದರು. ಲಾಸ್ ಏಂಜಲೀಸ್ ವಿಮಾನ ನಿಲ್ದಾಣದ ಪಕ್ಕದಲ್ಲೇ ಇರುವ ಬಡ ಊರು ಅದು. ತಲೆ ಮೇಲೇ ವಿಮಾನ ಇಳಿಯುತ್ತವೆ. ಹೆಚ್ಚಿನವರು ಮೆಕ್ಸಿಕೋ ಮತ್ತು ಅದರಾಚೆಯಿಂದ ಬಂದ ಕೂಲಿ ಕುಟುಂಬದವರು.

ಅಲ್ಲಿನ ಟೀಚರುಗಳ ಹತ್ತಿರ ಅವರು ಕೇಳಿದ್ದು ಸರಳವಾದ ಪ್ರಶ್ನೆ. ನಿಮ್ಮ ಶಾಲೆಯಲ್ಲಿ ತುಂಬ ಚುರುಕಿನ ಮಕ್ಕಳು ಯಾರು? ಅವರನ್ನು ಕೂರಿಸಿಕೊಂಡು ಮಾತಾಡಿದರು. ಓದಿಸಿದರು, ವಾದ ಮಾಡಿಸಿದರು. ಆಮೇಲೆ ಊರಿನ ಶ್ರೀಮಂತರ ಮಕ್ಕಳು ಹೋಗುವ ಖಾಸಗಿ ಶಾಲೆಗಳ ಬಾಗಿಲು ತಟ್ಟಿ, ಸ್ಕಾಲರ್‌ಶಿಪ್ ಕೊಡಿಸಿ, ಈ ಮಕ್ಕಳನ್ನು ಅಲ್ಲಿಗೆ ಸೇರಿಸಿದರು. ಸೇರಿಸಿ ಕೈ ತೊಳೆದುಕೊಳ್ಳಲಿಲ್ಲ. ಕಾಲೇಜು ಮುಟ್ಟುವ ತನಕ ಜೊತೆಗಿದ್ದರು. ಅದೇ 'ಯಂಗ್ ಐಸ್ನರ್ ಸ್ಕಾಲರ್ಸ್' ಅನ್ನುವ ಸಂಸ್ಥೆಯಾಯಿತು. ನಂತರ ನ್ಯೂಯಾರ್ಕ್, ಷಿಕಾಗೋ ಕಡೆಗೂ ಹೋಯಿತು.

ಈ ಕತೆ ಹೇಳುವವರು ಸಾಮಾನ್ಯವಾಗಿ ಒಬ್ಬ ಒಳ್ಳೆಯ ಮನುಷ್ಯನ ಕತೆ ಅಂತ ಹೇಳಿ ಮುಗಿಸುತ್ತಾರೆ. ನನಗೆ ಕುತೂಹಲ ಬೇರೆ ಕಡೆ. ಇದನ್ನು ಮಾಡಿದ್ದು ಡಾಕ್ಟರೂ ಅಲ್ಲ, ಮೇಷ್ಟ್ರೂ ಅಲ್ಲ, ಸಿನಿಮಾ ವಕೀಲ. ಯಾಕೆ? ನಾನೂ ಬೆಂಗಳೂರಿನ ಗಾಂಧಿನಗರದಲ್ಲಿ ಕೆಲವು ವರ್ಷ ಸಿನಿಮಾ ಒಪ್ಪಂದಗಳನ್ನು ಓದಿ ಓದಿ ಕಣ್ಣು ಕೆಡಿಸಿಕೊಂಡವಳು. ಹಾಗಾಗಿ ಈ ಪ್ರಶ್ನೆಗೆ ಉತ್ತರ ಸ್ವಲ್ಪ ಗೊತ್ತು ಅಂದುಕೊಂಡಿದ್ದೇನೆ.

ಸಿನಿಮಾ ವಕೀಲ ಅಂದರೆ ಜನಕ್ಕೆ ನೆನಪಾಗುವುದು ಸ್ಟಾರ್‌ಗಳ ಜಗಳ, ಡೈವೋರ್ಸು. ಅದಲ್ಲ ಕೆಲಸ. ದಿನವಿಡೀ ಮಾಡುವುದು ಇಷ್ಟು: ಒಬ್ಬನ ಹತ್ತಿರ ಪ್ರತಿಭೆ ಇದೆ, ಇನ್ನೊಬ್ಬನ ಹತ್ತಿರ ದುಡ್ಡು ಇದೆ, ಇವರಿಬ್ಬರ ನಡುವೆ ಒಂದು ಕಾಗದ ಇದೆ. ಆ ಕಾಗದದಲ್ಲಿ ಪ್ರತಿಭೆ ಇರುವವನ ಪಾಲು ಸೋರಿಹೋಗದ ಹಾಗೆ ನೋಡಿಕೊಳ್ಳುವುದು.

ಒಂದು ಉದಾಹರಣೆ ಕೊಡುತ್ತೇನೆ. ಒಬ್ಬರು ಹಾಡು ಬರೆಯುತ್ತಾರೆ ಅಂತಿಟ್ಟುಕೊಳ್ಳಿ. ನಿರ್ಮಾಪಕರು ಒಂದು ಮೊತ್ತ ಕೊಟ್ಟು ಸಹಿ ಹಾಕಿಸಿಕೊಳ್ಳುತ್ತಾರೆ. ಸಿನಿಮಾ ಎರಡು ವಾರಕ್ಕೆ ಎತ್ತಂಗಡಿ. ಆದರೆ ಹಾಡು ಇಪ್ಪತ್ತು ವರ್ಷ ಓಡುತ್ತದೆ. ರೇಡಿಯೋ, ಟೀವಿ, ಕಾಲರ್ ಟ್ಯೂನ್, ಯೂಟ್ಯೂಬ್, ಮದುವೆ ಮನೆ ಆರ್ಕೆಸ್ಟ್ರಾ. ಆ ಹಣ ಯಾರಿಗೆ? 1977ರಲ್ಲಿ ಸುಪ್ರೀಂ ಕೋರ್ಟು ಕೊಟ್ಟ ಒಂದು ತೀರ್ಪಿನಿಂದಾಗಿ, ಬೇರೆ ಒಪ್ಪಂದ ಇಲ್ಲದಿದ್ದರೆ, ಅದು ನಿರ್ಮಾಪಕರ ಕಡೆಗೇ ಹೋಗುತ್ತಿತ್ತು. 2012ರಲ್ಲಿ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂತು. ಆ ವರ್ಷದ ಜೂನ್ 21ರಿಂದ ಜಾರಿ. ಥಿಯೇಟರಿನಲ್ಲಿ ಸಿನಿಮಾದ ಜೊತೆ ಕೇಳಿಸುವುದನ್ನು ಬಿಟ್ಟು, ಬೇರೆ ಎಲ್ಲಿ ಆ ಹಾಡು ದುಡಿದರೂ ರಾಯಲ್ಟಿಯಲ್ಲಿ ಬರೆದವರಿಗೆ, ರಾಗ ಹಾಕಿದವರಿಗೆ ಸಮಪಾಲು. 'ನನಗೆ ಬೇಡ' ಅಂತ ಸಹಿ ಹಾಕಿಕೊಟ್ಟರೂ ಆ ಪಾಲು ಹೋಗುವುದಿಲ್ಲ. ಕಷ್ಟದಲ್ಲಿರುವವನು ಎಂಥ ಕಾಗದಕ್ಕೂ ಸಹಿ ಹಾಕುತ್ತಾನೆ ಅಂತ ಕಾನೂನು ಬರೆದವರಿಗೆ ಗೊತ್ತಾಗಿತ್ತು, ಅಲ್ವಾ.

ಅದೇ ಕಾಯ್ದೆಯಲ್ಲಿ ಇನ್ನೊಂದು ಮಜಾ ಇದೆ. ಹಕ್ಕು ಬರೆದುಕೊಡುವಾಗ ಎಷ್ಟು ವರ್ಷಕ್ಕೆ ಅಂತ ಹೇಳದೇ ಇದ್ದರೆ, ಅದು ಐದೇ ವರ್ಷಕ್ಕೆ ಅಂತ ಅರ್ಥ. ಯಾವ ಜಾಗಕ್ಕೆ ಅಂತ ಹೇಳದಿದ್ದರೆ ಭಾರತಕ್ಕೆ ಮಾತ್ರ. ಈ ಎರಡು ಸಾಲು ಗೊತ್ತಿಲ್ಲದೆ ಎಷ್ಟೋ ಜನ ತಮ್ಮದನ್ನು ಶಾಶ್ವತವಾಗಿ ಕಳಕೊಂಡೆವು ಅಂದುಕೊಂಡು ಸುಮ್ನೆ ಕೂತಿದ್ದಾರೆ.

ಈ ಕಣ್ಣಿನಿಂದ ಒಂದು ಐದನೇ ಕ್ಲಾಸು ನೋಡಿ. ಪ್ರತಿಭೆ ಇದೆ. ದುಡ್ಡೂ ಇದೆ, ಸರ್ಕಾರದ್ದೋ, ಶಾಲೆಯದ್ದೋ, ದಾನಿಗಳದ್ದೋ. ನಡುವೆ ಕಾಗದ ಇದೆ. ಪ್ರತಿಭೆ ಸೋರುವುದು ಆ ಕಾಗದದ ಹತ್ತಿರ. ಅಲ್ಲಿ ಯಾರೂ ನಿಂತಿರುವುದಿಲ್ಲ. ಸಿನಿಮಾದಲ್ಲಾದರೆ ಹಾಲಿವುಡ್ ವಕೀಲರು ಸಾಮಾನ್ಯವಾಗಿ ಶೇ. 5ರಷ್ಟು ತಗೊಂಡು ಅಲ್ಲಿ ನಿಲ್ಲುತ್ತಾರೆ. ಹತ್ತು ವರ್ಷದ ಮಗುವಿನಿಂದ ಯಾರು ಶೇ. 5 ತಗೊಳ್ಳುತ್ತಾರೆ? ಹಾಗಾಗಿ ಯಾರೂ ಬರುವುದಿಲ್ಲ. ಐಸ್ನರ್ ಫೀಸಿಲ್ಲದೆ ನಿಂತರು, ಅಷ್ಟೇ.

ಇದು ಬರೀ ನನ್ನ ಅನಿಸಿಕೆ ಅಲ್ಲ. 2012ರಲ್ಲಿ ಕ್ಯಾರೊಲಿನ್ ಹಾಕ್ಸ್‌ಬಿ, ಕ್ರಿಸ್ಟೊಫರ್ ಏವರಿ ಅನ್ನುವ ಇಬ್ಬರು ಅರ್ಥಶಾಸ್ತ್ರಜ್ಞರು ಅಮೆರಿಕದ ಬಡ ಮನೆಗಳ ಜಾಣ ಮಕ್ಕಳ ಬಗ್ಗೆ ಒಂದು ಅಧ್ಯಯನ ಹೊರತಂದರು. ಅಂಥ ಮಕ್ಕಳಲ್ಲಿ ಬಹುಪಾಲು ಜನ ಒಳ್ಳೆಯ ಕಾಲೇಜಿಗೆ ಅರ್ಜಿಯನ್ನೇ ಹಾಕುವುದಿಲ್ಲ. ಹಾಕಿ ಫೇಲಾದವರಲ್ಲ, ಹಾಕದೇ ಉಳಿದವರು. ಅದರಲ್ಲೂ ಸೋಜಿಗ ಏನೆಂದರೆ, ಆ ದೊಡ್ಡ ಕಾಲೇಜುಗಳು ಬಡ ಮಕ್ಕಳಿಗೆ ಕೊಡುವ ಸಹಾಯ ಲೆಕ್ಕ ಹಾಕಿದರೆ, ಅವರು ಈಗ ಹೋಗುತ್ತಿರುವ ಸಣ್ಣ ಕಾಲೇಜಿಗಿಂತ ಅವೇ ಕಡಿಮೆ ಖರ್ಚಿಗೆ ಸಿಗುತ್ತಿದ್ದವು. ಅರ್ಜಿ ಹಾಕದ ಮಕ್ಕಳು ಹೆಚ್ಚಾಗಿ ಎಲ್ಲಿದ್ದರು? ಸುತ್ತಮುತ್ತ ತಮ್ಮಂಥ ಇನ್ನೊಬ್ಬ ಜಾಣ ಸಿಗದ ಊರುಗಳಲ್ಲಿ. ಅಂಥ ಕಾಲೇಜಿಗೆ ಹೋಗಿಬಂದ ಒಬ್ಬ ಮೇಷ್ಟ್ರೂ ಇಲ್ಲದ ಶಾಲೆಗಳಲ್ಲಿ. ನಮ್ಮ ತೋಟದ ಸಾಲಿನ ಶಾಲೆಗಳನ್ನು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಈಗ ಕೊಡಗಿನ ಬಾಗಿಲುಗಳನ್ನು ನೋಡೋಣ. ಬಾಗಿಲು ಇಲ್ಲ ಅಂತಲ್ಲ. ಇವೆ.

ಎಲ್ಲಕ್ಕಿಂತ ದೊಡ್ಡದು ಮಡಿಕೇರಿ ಹತ್ತಿರ ಗಾಳಿಬೀಡಿನ ಜವಾಹರ ನವೋದಯ ವಿದ್ಯಾಲಯ. ಆರನೇ ಕ್ಲಾಸಿಗೆ ಸೇರಿದರೆ ಊಟ, ವಸತಿ, ಓದು ಎಲ್ಲ ಉಚಿತ. ಒಂದು ಜಿಲ್ಲೆಗೆ ಹೆಚ್ಚೆಂದರೆ 80 ಸೀಟು. ಅದರಲ್ಲಿ ಕನಿಷ್ಠ ಶೇ. 75 ಹಳ್ಳಿ ಮಕ್ಕಳಿಗೆ. ಎರಡು ಗಂಟೆಯ ಪರೀಕ್ಷೆ, 80 ಪ್ರಶ್ನೆ, 100 ಅಂಕ. ಅರ್ಧ ಅಂಕ ಚಿತ್ರ ನೋಡಿ ತಲೆ ಓಡಿಸುವ ಪ್ರಶ್ನೆಗಳಿಗೆ, ಉಳಿದದ್ದು ಲೆಕ್ಕ ಮತ್ತು ಭಾಷೆಗೆ. ಕನ್ನಡದಲ್ಲೇ ಬರೆಯಬಹುದು. ಕೇಳಲು ಎಷ್ಟು ಚೆನ್ನಾಗಿದೆ! 87 ಕೆಜಿಯ ಲೆಕ್ಕವನ್ನು ಬಾಯಲ್ಲಿ ಮಾಡುವ ಹುಡುಗಿಗಾಗಿಯೇ ಮಾಡಿದ ಹಾಗಿದೆ.

ಆದರೆ ಅರ್ಜಿ ಯಾವಾಗ ಅಂತ ನೋಡಿ. ಈಚಿನ ವರ್ಷಗಳಲ್ಲಿ ಅದು ಜುಲೈ, ಆಗಸ್ಟ್ ಹೊತ್ತಿಗೆ ಬರುತ್ತಿದೆ. ಕೊಡಗಿನಲ್ಲಿ ಜುಲೈ, ಆಗಸ್ಟ್ ಅಂದರೆ ಏನು ಅಂತ ಇಲ್ಲಿಯವರಿಗೆ ಗೊತ್ತು. ಕರೆಂಟು ಹೋದರೆ ನಾಲ್ಕು ದಿನ ಪತ್ತೆ ಇಲ್ಲ. ಟವರ್ ಇದ್ದರೂ ನೆಟ್‌ವರ್ಕ್ ಇಲ್ಲ. ಮರ ಬಿದ್ದು ರಸ್ತೆ ಬಂದ್, ಶಾಲೆಗೆ ಮಳೆ ರಜೆ. ಅರ್ಜಿಯೋ ಆನ್‌ಲೈನು. ಅದಕ್ಕೆ ಹೆಡ್ ಮಾಸ್ಟರ್ ಸಹಿ ಹಾಕಿದ ಫೋಟೋ ಅಂಟಿಸಿದ ಪತ್ರ ಬೇಕು, ತಂದೆ ತಾಯಿಯ ಸಹಿ ಬೇಕು, ಮಗುವಿನ ಸಹಿ ಬೇಕು. ಎಲ್ಲ ಸ್ಕ್ಯಾನ್ ಆಗಬೇಕು. ದೆಹಲಿಯಲ್ಲಿ ಕೂತು ತಾರೀಖು ಹಾಕುವವರಿಗೆ ಇದು ರಜೆ ಮುಗಿದು ಶಾಲೆ ಕಳೆಕಟ್ಟಿದ ಒಳ್ಳೆಯ ಸಮಯ. ಇಲ್ಲಿ ಅದು ಛತ್ರಿಯೂ ನಿಲ್ಲದ ಸಮಯ. ಯಾರೂ ಬೇಕಂತ ಮಾಡಿದ್ದಲ್ಲ. ಆದರೂ ಸೀಟು ಸೋರುತ್ತದೆ.

ಮೊರಾರ್ಜಿ ದೇಸಾಯಿ, ಕಿತ್ತೂರು ರಾಣಿ ಚೆನ್ನಮ್ಮ ವಸತಿ ಶಾಲೆಗಳು ಇನ್ನೊಂದು ಬಾಗಿಲು. ಆರನೇ ಕ್ಲಾಸಿಗೆ ಪ್ರವೇಶ. ಇವಕ್ಕೆ ಜಾತಿ, ಆದಾಯ ಪ್ರಮಾಣಪತ್ರ ಬೇಕು. ಅದು ನಾಡಕಚೇರಿಯ ದಾರಿ. ಕೂಡಿಗೆಯಲ್ಲಿ ಸೈನಿಕ ಶಾಲೆಯೂ ಇದೆ, ಅದಕ್ಕೆ ಬೇರೆಯೇ ಪರೀಕ್ಷೆ.

ಐಸ್ನರ್ ತಟ್ಟಿದಂಥ ಬಾಗಿಲು, ಅಂದರೆ ಒಳ್ಳೆಯ ಖಾಸಗಿ ಶಾಲೆ, ನಮ್ಮಲ್ಲೂ ಕಾನೂನಿನಲ್ಲೇ ಇತ್ತು. 2009ರ ಶಿಕ್ಷಣ ಹಕ್ಕು ಕಾಯ್ದೆ ಖಾಸಗಿ ಶಾಲೆಗಳಲ್ಲಿ ಶೇ. 25 ಸೀಟು ಬಡ ಮಕ್ಕಳಿಗೆ ಅಂದಿತು. 'ಆರ್‌ಟಿಇ ಸೀಟು' ಅಂತ ಎಲ್ಲರ ಬಾಯಲ್ಲೂ ಇತ್ತು. 2018ರ ಕೊನೆಯಲ್ಲಿ ರಾಜ್ಯ ಸರ್ಕಾರ ನಿಯಮ ಬದಲಿಸಿತು. ನೆರೆಹೊರೆಯಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆ ಆ ಸೀಟು ಕೊಡಬೇಕಿಲ್ಲ ಅಂತಾಯಿತು. 2019ರಲ್ಲಿ ಹೈಕೋರ್ಟೂ ಅದನ್ನು ಎತ್ತಿಹಿಡಿಯಿತು. ಸರ್ಕಾರಿ ಶಾಲೆ ಇಲ್ಲದ ನೆರೆಹೊರೆ ಎಷ್ಟಿವೆ ಹೇಳಿ? ಸರ್ಕಾರದ ಹಣ ಸರ್ಕಾರಿ ಶಾಲೆಗೇ ಹೋಗಲಿ ಅನ್ನುವ ವಾದದಲ್ಲಿ ಹುರುಳಿದೆ, ಒಪ್ಪುತ್ತೇನೆ. ಆದರೆ ಆ ಬಾಗಿಲು ಹೆಚ್ಚುಕಮ್ಮಿ ಮುಚ್ಚಿತು ಅನ್ನುವುದೂ ನಿಜ.

ಇನ್ನು ಎಂಟನೇ ಕ್ಲಾಸಿನಲ್ಲಿ ಬರುವುದು ಎನ್‌ಎಂಎಂಎಸ್. ಇದರ ಬಗ್ಗೆ ಸ್ವಲ್ಪ ಜಾಸ್ತಿ ಹೇಳುತ್ತೇನೆ, ಯಾಕಂದರೆ ಗೊತ್ತಿರುವವರು ಕಡಿಮೆ. ಕೇಂದ್ರ ಸರ್ಕಾರದ ಸ್ಕಾಲರ್‌ಶಿಪ್. ಮನೆಯ ವರ್ಷದ ಆದಾಯ ಮೂರೂವರೆ ಲಕ್ಷದ ಒಳಗಿರಬೇಕು. ಸರ್ಕಾರಿ, ಅನುದಾನಿತ ಶಾಲೆಯ ಮಕ್ಕಳಿಗೆ ಮಾತ್ರ. ಎರಡು ಪೇಪರು, ತಲಾ 90 ಪ್ರಶ್ನೆ. ಪಾಸಾಗಿ ಆಯ್ಕೆಯಾದರೆ ಒಂಬತ್ತರಿಂದ ದ್ವಿತೀಯ ಪಿಯುಸಿವರೆಗೆ ವರ್ಷಕ್ಕೆ 12,000 ರೂಪಾಯಿ. ಮಗುವಿನ ಬ್ಯಾಂಕ್ ಖಾತೆಗೇ ಬರುತ್ತದೆ. ನಾಲ್ಕು ವರ್ಷಕ್ಕೆ 48,000. ಪಿಯುಸಿಗೆ ವಿರಾಜಪೇಟೆಗೋ ಮಡಿಕೇರಿಗೋ ಬಸ್ಸಿನಲ್ಲಿ ಹೋಗಿಬರುವ ಹುಡುಗಿಗೆ ಅದು ಓದು ಮುಂದುವರಿಸುವ ಹಣ.

ಆದರೆ ಪ್ರತಿ ವರ್ಷ ಪೋರ್ಟಲ್‌ನಲ್ಲಿ ನವೀಕರಣ ಮಾಡಬೇಕು. ಮಾಡದಿದ್ದರೆ ನಿಂತುಹೋಗುತ್ತದೆ. ಹತ್ತನೇ ಕ್ಲಾಸು ಮುಗಿದು ಶಾಲೆ ಬದಲಾದಾಗ ಇದನ್ನು ನೆನಪಿಸುವವರು ಯಾರು? ಹಳೆ ಹೆಡ್ ಮಾಸ್ಟರಿಗೆ ಅವಳು ಹೋದ ವಿದ್ಯಾರ್ಥಿನಿ. ಹೊಸ ಕಾಲೇಜಿಗೆ ಅವಳು ಬಂದ ಸಾವಿರದಲ್ಲಿ ಒಬ್ಬಳು. ಗಾಂಧಿನಗರದಲ್ಲಿ ನಾನು ನೋಡಿದ ಅದೇ ರೋಗ ಇದು. ಹಕ್ಕು ಕಾಗದದ ಮೇಲೆ ಇದೆ. ವರ್ಷಾ ವರ್ಷಾ ಅದನ್ನು ಹೋಗಿ ಕೇಳುವವರಿಲ್ಲ.

ಇಲ್ಲಿ ಒಂದು ತಕರಾರು ಇದೆ, ಅದನ್ನು ನುಂಗಿಕೊಂಡು ಮುಂದೆ ಹೋಗುವುದು ಸರಿಯಲ್ಲ. ಶಾಲೆಯಲ್ಲಿ ನಾಲ್ಕು ಜಾಣರನ್ನು ಆರಿಸಿ ಬೇರೆ ಕಡೆ ಕರೆದುಕೊಂಡು ಹೋದರೆ, ಉಳಿದ ಮಕ್ಕಳ ಗತಿ ಏನು? ನಮ್ಮ ಊರಿನ ಒಬ್ಬ ಹಿರಿಯ ಟೀಚರ್ ನನಗೆ ನೇರವಾಗಿಯೇ ಅಂದರು: "ನೀವು ಬರ್ತೀರಿ, ಕೆನೆ ತೆಗೀತೀರಿ, ಹೋಗ್ತೀರಿ. ಹಾಲು ನಮ್ಗೆ." ನನ್ನ ಹತ್ತಿರ ಇದಕ್ಕೆ ಪೂರ್ತಿ ಉತ್ತರ ಇಲ್ಲ.

ಅರ್ಧ ಉತ್ತರ ಇದೆ. ತಪ್ಪು ಆರಿಸುವುದರಲ್ಲಿ ಇಲ್ಲ, ಆರಿಸುವ ರೀತಿಯಲ್ಲಿದೆ. ಟೀಚರ್ ಹೇಳಿದವರನ್ನೇ ನೋಡಿದರೆ ಟೀಚರ್ ಕಣ್ಣಿಗೆ ಬಿದ್ದವರೇ ಸಿಗುತ್ತಾರೆ. ಮಾತಾಡುವ ಮಗು ಸಿಗುತ್ತದೆ, ಹಿಂದಿನ ಬೆಂಚಿನಲ್ಲಿ ಕೂತ ಯರವ ಬುಡಕಟ್ಟಿನ ಹುಡುಗ ಸಿಗುವುದಿಲ್ಲ. ಮನೆಯಲ್ಲಿ ಯರವ ಮಾತೋ, ಜೇನುಕುರುಬರ ಮಾತೋ ಆಡಿ ಬಂದ ಮಗು ಕನ್ನಡದ ಪ್ರಶ್ನೆಗೆ ಒಂದು ಕ್ಷಣ ತಡೆದರೆ, ಅದು ಮಂದ ಅಂತ ಬರೆದುಬಿಡುತ್ತೇವೆ. ಅಮೆರಿಕದ ಫ್ಲಾರಿಡಾದ ಒಂದು ದೊಡ್ಡ ಜಿಲ್ಲೆಯಲ್ಲಿ 2005ರಿಂದ ಬೇರೆ ಥರ ಮಾಡಿದರು. ಟೀಚರೋ ತಂದೆ ತಾಯಿಯೋ ಹೆಸರು ಹೇಳುವ ತನಕ ಕಾಯದೆ ಎರಡನೇ ಕ್ಲಾಸಿನ ಎಲ್ಲ ಮಕ್ಕಳಿಗೂ ಮಾತೇ ಬೇಡದ, ಚಿತ್ರದ ಪರೀಕ್ಷೆ ಕೊಟ್ಟರು. ಪ್ರತಿಭಾವಂತರ ವಿಶೇಷ ತರಗತಿಗೆ ಸೇರಿದ ಕಪ್ಪು ಮಕ್ಕಳ ಸಂಖ್ಯೆ ಶೇ. 80 ಏರಿತು. ಲ್ಯಾಟಿನ್ ಮೂಲದ ಮಕ್ಕಳದ್ದು ಎರಡು ಪಟ್ಟಿಗಿಂತ ಹೆಚ್ಚಾಯಿತು. ಮಕ್ಕಳು ಅವರೇ, ನೋಡುವ ಕಣ್ಣು ಬದಲಾಗಿತ್ತು. ಆಮೇಲೆ ಹಣ ಇಲ್ಲ ಅಂತ ಆ ಪರೀಕ್ಷೆ ನಿಲ್ಲಿಸಿದರು. ಸಂಖ್ಯೆ ಮತ್ತೆ ಕೆಳಗೆ ಬಂತು.

ಹಾಗಾಗಿ ನಾವು ನಾಲ್ಕೈದು ಜನ ಈಗ ಮಾಡುವುದು ಆರಿಸುವ ಕೆಲಸವೇ ಅಲ್ಲ. ಐದನೇ ಕ್ಲಾಸಿನಲ್ಲಿ ಇರುವ ಎಲ್ಲರ ನವೋದಯ ಅರ್ಜಿಯನ್ನೂ ತುಂಬುತ್ತೇವೆ. ಹದಿನಾಲ್ಕು ಮಕ್ಕಳಿದ್ದರೆ ಹದಿನಾಲ್ಕು. ಅದರಲ್ಲಿ ಹನ್ನೆರಡು ಜನ ಪಾಸಾಗುವುದಿಲ್ಲ, ನಿಜ. ಆದರೆ ಹದಿನಾಲ್ಕು ಜನರ ಹೆಸರೂ ಆಧಾರ್‌ನಲ್ಲಿ, ಶಾಲೆಯಲ್ಲಿ, ಬ್ಯಾಂಕಿನಲ್ಲಿ ಒಂದೇ ಥರ ಆಗುತ್ತದೆ. ಅದು ಮುಂದೆ ಹತ್ತು ಕಡೆ ಕೆಲಸಕ್ಕೆ ಬರುತ್ತದೆ. ಮಳೆ ಹಿಡಿಯುವ ಮೊದಲು, ಏಪ್ರಿಲ್, ಮೇ ತಿಂಗಳಲ್ಲೇ ಹೆಸರು ಸರಿ ಮಾಡಿಸುವ ಈ ಕೆಲಸ ಮುಗಿಸಿಕೊಳ್ಳಬೇಕು. ಪ್ರಕಟಣೆ ಬಂದ ಮೇಲೆ ಓಡುವುದಲ್ಲ.

ಹಣ ಕೊಡಬೇಕು ಅನ್ನುವವರು ನಮ್ಮ ಕಡೆ ಕಡಿಮೆ ಇಲ್ಲ. ಕಾಫಿಗೆ ರೇಟು ಬಂದ ವರ್ಷ ಫೋನುಗಳೂ ಜಾಸ್ತಿ ಬರುತ್ತವೆ. "ಒಂದು ಮಗೂನ ನಾನು ಓದಿಸ್ತೀನಿ" ಅನ್ನುತ್ತಾರೆ. ಒಳ್ಳೆಯ ಮಾತು. ವಕೀಲಳ ಬುದ್ಧಿ ಬಿಡುವುದಿಲ್ಲ, ನಾನು ಕೇಳುತ್ತೇನೆ: ಎಷ್ಟು ವರ್ಷ? ಯಾವ ಯಾವ ಖರ್ಚು? ಮಧ್ಯದಲ್ಲಿ ಫೇಲಾದರೆ? ಅವಧಿ ಬರೆಯದ ಒಪ್ಪಂದದ ಹಾಗೇ ಇದು. ಅಲ್ಲಾದರೆ ಕಾನೂನು ಐದು ವರ್ಷ ಅಂತಾದರೂ ಹೇಳುತ್ತದೆ. ಇಲ್ಲಿ ರೇಟು ಬಿದ್ದ ವರ್ಷ ಹುಡುಗನ ಪ್ರಥಮ ಪಿಯುಸಿ ಅರ್ಧಕ್ಕೆ ನಿಲ್ಲುತ್ತದೆ, ಯಾರನ್ನೂ ದೂರುವ ಹಾಗಿಲ್ಲ.

ಅದಕ್ಕೆ ಮೂಲನಿಧಿ ಅನ್ನುವುದು ಒಳ್ಳೆಯ ದಾರಿ. ಅಸಲು ಮುಟ್ಟದೆ ಬಡ್ಡಿ ಮಾತ್ರ ಖರ್ಚು ಮಾಡುವುದು. ಬ್ಯಾಂಕು ಶೇ. 7 ಕೊಡುತ್ತದೆ ಅಂತಿಟ್ಟುಕೊಂಡರೆ, ವರ್ಷಕ್ಕೆ 12,000 ಬರಲು ಸುಮಾರು 1 ಲಕ್ಷ 71 ಸಾವಿರ ಇಡಬೇಕು. ಒಬ್ಬರಿಗೆ ಭಾರ, ಆರು ಜನಕ್ಕೆ ಅಲ್ಲ. ಟ್ರಸ್ಟ್ ಮಾಡುವುದಾದರೆ ಟ್ರಸ್ಟ್ ಪತ್ರವನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸಬೇಕು, ಆಮೇಲೆ ಆದಾಯ ತೆರಿಗೆ ಇಲಾಖೆಯ ನೋಂದಣಿ. ಕೊಟ್ಟವರಿಗೆ ತೆರಿಗೆ ರಿಯಾಯಿತಿ ಬೇಕಾದರೆ ಜನ ಹೇಳುವ 80ಜಿ. 2,000 ರೂಪಾಯಿಗಿಂತ ಹೆಚ್ಚು ನಗದಾಗಿ ಕೊಟ್ಟರೆ ಆ ರಿಯಾಯಿತಿ ಇಲ್ಲ. ಹೊಸ ತೆರಿಗೆ ಪದ್ಧತಿಯಲ್ಲಿರುವವರಿಗೂ ಇಲ್ಲ. ಇದಿಷ್ಟನ್ನು ಆಡಿಟರ್ ಹತ್ತಿರ ಅರ್ಧ ಗಂಟೆ ಕೂತು ಕೇಳಿಕೊಳ್ಳಿ, ನಾನು ಉದ್ದ ಮಾಡುವುದಿಲ್ಲ.

ಜಾಗ ಕೊಡುತ್ತೇನೆ ಅನ್ನುವವರಿಗೆ ಮಾತ್ರ ಒಂದು ಮಾತು. ಐನ್‌ಮನೆಯ, ಅಂದರೆ ಕುಟುಂಬದ ಮೂಲ ಮನೆಯ ಜಮ್ಮಾ ಜಾಗದಲ್ಲಿ (ತಲೆಮಾರಿನಿಂದ ಇಡೀ ಕುಟುಂಬಕ್ಕೆ ಸೇರಿದ ಜಾಗ) ಅರ್ಧ ಎಕರೆ ಶಾಲೆಗೆ ಅಂತ ಹೇಳುವ ಮೊದಲು ಆರ್‌ಟಿಸಿ ತೆಗೆದು ನೋಡಿ. ಕುಟುಂಬದ ಹಿರಿಯರಾದ ಪಟ್ಟೆದಾರರ ಜೊತೆ ಎಷ್ಟು ಹೆಸರಿವೆ ಎಣಿಸಿ. ಅದರಲ್ಲಿ ಎಷ್ಟು ಜನ ಬೆಂಗಳೂರಲ್ಲಿ, ಎಷ್ಟು ಜನ ಕೆನಡಾದಲ್ಲಿ ಅಂತ ಲೆಕ್ಕ ಹಾಕಿ. ಎಲ್ಲರೂ ಒಪ್ಪದೆ ಕೊಟ್ಟ ಜಾಗ ಕೋರ್ಟಿಗೆ ಹೋಗುತ್ತದೆ, ಶಾಲೆಗೆ ಹೋಗುವುದಿಲ್ಲ. ದುಡ್ಡು ಕೊಡುವುದೇ ಸುಲಭ. ಅದಕ್ಕಿಂತ ಸುಲಭ, ಜುಲೈನಲ್ಲಿ ಇನ್ವರ್ಟರ್ ಇರುವ ಮನೆಯಲ್ಲಿ ಒಂದು ಲ್ಯಾಪ್‌ಟಾಪು, ಒಂದು ಸ್ಕ್ಯಾನರು ಇಟ್ಟು ಎರಡು ಭಾನುವಾರ ಬಾಗಿಲು ತೆಗೆಯುವುದು.

ಆ ಹುಡುಗಿ ಈಗ ಎಂಟನೇ ಕ್ಲಾಸು. ನವೋದಯಕ್ಕೆ ಅವಳು ಹೋಗಲಿಲ್ಲ. ಈ ಸಲ ಎನ್‌ಎಂಎಂಎಸ್‌ಗೆ ಕೂರುತ್ತಾಳೆ. ಹೋದ ವಾರ ಅವರ ಲೈನ್ ಮನೆಗೆ ಹೋಗಿದ್ದೆ. ಆದಾಯ ಪ್ರಮಾಣಪತ್ರ ಎಲ್ಲಿ ಅಂತ ಕೇಳಿದೆ. ತಾಯಿ ಅಟ್ಟದ ಮೇಲಿಂದ ಒಂದು ಅಕ್ಕಿ ಡಬ್ಬ ಇಳಿಸಿದರು. ಒಳಗೆ ಪ್ಲಾಸ್ಟಿಕ್ ಕವರು, ಅದರೊಳಗೆ ಇನ್ನೊಂದು ಕವರು. ಒಲೆಯ ಹೊಗೆ ತಾಗದ ಹಾಗೆ, ಸೋರುವ ಹಂಚಿನ ನೀರು ತಾಗದ ಹಾಗೆ. ಆಧಾರ್, ಜಾತಿ, ಆದಾಯ, ಬ್ಯಾಂಕ್ ಪಾಸ್‌ಬುಕ್. ನಾಲ್ಕರಲ್ಲೂ ಹೆಸರು ಒಂದೇ. ಇನಿಶಿಯಲ್ ಸಮೇತ.

"ಜೆರಾಕ್ಸ್ ಆರು ಮಾಡ್ಸಿದ್ದೀನಿ ಅಕ್ಕ," ಅಂದಳು ಹುಡುಗಿ. "ಒಂದಕ್ಕೆ ಎರಡು ರೂಪಾಯಿ. ನಾಲ್ಕು ಆರ್ಲಿ ಇಪ್ಪತ್ನಾಲ್ಕು, ನಲವತ್ತೆಂಟು ಆಯ್ತು. ಅಂಗಡಿಯವ್ರು ಐವತ್ತು ತಗೊಂಡ್ರು. ಎರಡು ರೂಪಾಯಿ ವಾಪಸ್ ಬರ್ಬೇಕು."